ಬ್ಯಾಂಕ್ ಸಾಲ ಸುಸ್ತಿಯಾಗಿ ನೋಟಿಸ್ ಬಂದಿದೆಯಾ? ಕೋರ್ಟಿನಲ್ಲಿ ಸಿಗುವ ಪರಿಹಾರಗಳ ಸಮಗ್ರ ಮಾರ್ಗದರ್ಶಿ

ನಮ್ಮ ಸಂಬಂಧಿಕರೊಬ್ಬರ ಮನೆಗೆ ಬ್ಯಾಂಕಿನಿಂದ ದಪ್ಪ ಲಕೋಟೆಯೊಂದು ಬಂತು. ನಾಲ್ಕೈದು ಕಂತು ಬಾಕಿ ಇತ್ತು. ಒಳಗೆ ಏನಿರುತ್ತದೆ ಎಂದು ಗೊತ್ತಿದ್ದದ್ದರಿಂದ ಅವರು ಅದನ್ನು ಒಡೆಯಲೇ ಇಲ್ಲ. ಬೀರುವಿನ ಮೇಲಿಟ್ಟರು. ಮೂರು ತಿಂಗಳಾದ ಮೇಲೆ ಬಾಗಿಲಿಗೆ ಇನ್ನೊಂದು ನೋಟಿಸ್ ಅಂಟಿತ್ತು. ಆಗ ವಕೀಲರ ಹತ್ತಿರ ಓಡಿದರು. ವಕೀಲರು ಮೊದಲು ಕೇಳಿದ್ದು ಆ ಒಡೆಯದ ಲಕೋಟೆಯನ್ನೇ. ಅದರಲ್ಲಿದ್ದ 60 ದಿನಗಳ ಗಡುವು ಆಗಲೇ ಮುಗಿದುಹೋಗಿತ್ತು.

ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ಕೋರ್ಟ್ ಸಾಲ ಮನ್ನಾ ಮಾಡುವುದಿಲ್ಲ. ಕೋರ್ಟಿನಿಂದ ಸಿಗುವುದು ಬೇರೆ: ಉಸಿರಾಡಲು ಸ್ವಲ್ಪ ಸಮಯ, ಸರಿಯಾದ ಲೆಕ್ಕ, ನಿಯಮ ಮೀರಿದ ಜಪ್ತಿಗೆ ತಡೆ, ಕಂತಿನಲ್ಲಿ ಕಟ್ಟುವ ಅವಕಾಶ, ಕೆಲವೊಮ್ಮೆ ಮರ್ಯಾದೆಯ ರಾಜಿ. ಇವೆಲ್ಲ ತಾರೀಖಿಗೆ ಕಟ್ಟುಬಿದ್ದಿವೆ. ಗಡುವಿನೊಳಗೆ ಹೋದವರ ಮಾತಿಗೆ ಇರುವ ತೂಕ, ತಡವಾಗಿ ಹೋದವರ ಮಾತಿಗೆ ಇರುವುದಿಲ್ಲ.

ಹೆಜ್ಜೆ 1: ಕೈಯಲ್ಲಿರುವ ಕಾಗದ ಯಾವುದು, ನೋಡಿ

ಬ್ಯಾಂಕಿಗೆ ಸಾಲ ವಸೂಲಿಗೆ ಹಲವು ದಾರಿಗಳಿವೆ. ಯಾವ ದಾರಿ ಹಿಡಿದಿದೆ ಎನ್ನುವುದರ ಮೇಲೆ ನೀವು ಎಲ್ಲಿಗೆ ಹೋಗಬೇಕು ಎಂಬುದು ನಿಂತಿದೆ.

ನೋಟಿಸಿನಲ್ಲಿ "2002ರ ಸರ್ಫೇಸಿ ಕಾಯ್ದೆ, ಸೆಕ್ಷನ್ 13(2)" ಎಂದಿದ್ದರೆ, ಬ್ಯಾಂಕ್ ಕೋರ್ಟಿಗೆ ಹೋಗದೆ ನೇರವಾಗಿ ಅಡಮಾನದ ಸ್ವತ್ತಿನ ಮೇಲೆ ಕೈಹಾಕಲು ಹೊರಟಿದೆ ಎಂದರ್ಥ. ಗೃಹಸಾಲ, ಸ್ವತ್ತಿನ ಮೇಲಿನ ಸಾಲ, ವ್ಯಾಪಾರದ ಸಾಲಗಳಲ್ಲಿ ಜಾಸ್ತಿ ಬರುವುದು ಇದೇ. ಬಾಕಿ 20 ಲಕ್ಷ ರೂಪಾಯಿ ಅಥವಾ ಅದಕ್ಕಿಂತ ಹೆಚ್ಚಿದ್ದರೆ ಬ್ಯಾಂಕ್ ಸಾಲ ವಸೂಲಾತಿ ನ್ಯಾಯಮಂಡಳಿಗೂ, ಅಂದರೆ ಡಿಆರ್‌ಟಿಗೂ ಹೋಗಬಹುದು. ಅಲ್ಲಿಂದ ಸಮನ್ಸ್ ಬರುತ್ತದೆ. ಅದಕ್ಕಿಂತ ಕಡಿಮೆ ಮೊತ್ತಕ್ಕೆ ಸಿವಿಲ್ ಕೋರ್ಟಿನಲ್ಲಿ ದಾವೆ. ಚೆಕ್ ವಾಪಸಾಗಿದ್ದರೆ ಸೆಕ್ಷನ್ 138ರ ನೋಟಿಸ್. ಸಹಕಾರ ಸಂಘದ ಸಾಲವಾದರೆ ಸಹಕಾರ ಇಲಾಖೆಯ ಅಧಿಕಾರಿಗಳ ಮುಂದೆ ವ್ಯಾಜ್ಯ ನಡೆಯುತ್ತದೆ. ಆದರೆ ಸಹಕಾರಿ ಬ್ಯಾಂಕುಗಳು ಸರ್ಫೇಸಿ ದಾರಿಯನ್ನೂ ಹಿಡಿಯಬಹುದು ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ.

ಲಕೋಟೆ ಬಂದ ದಿನವನ್ನು ಅದರ ಮೇಲೆಯೇ ಪೆನ್ನಿನಲ್ಲಿ ಬರೆದಿಡಿ. ಲಕೋಟೆಯನ್ನು ಎಸೆಯಬೇಡಿ. ಅಂಚೆ ಮುದ್ರೆಯ ತಾರೀಖು ಮುಂದೆ ಸಾಕ್ಷಿಯಾಗುತ್ತದೆ.

ಹೆಜ್ಜೆ 2: ಲೆಕ್ಕ ತರಿಸಿಕೊಳ್ಳಿ

ಸಾಲ ಮಂಜೂರಾತಿ ಪತ್ರ, ಕರಾರು ಪತ್ರ, ಶುರುವಿನಿಂದ ಇಲ್ಲಿವರೆಗಿನ ಸಾಲದ ಖಾತೆಯ ಸ್ಟೇಟ್‌ಮೆಂಟ್, ನೀವು ಕಟ್ಟಿದ ರಸೀದಿಗಳು. ಇಲ್ಲದಿದ್ದರೆ ಶಾಖೆಗೆ ಬರವಣಿಗೆಯಲ್ಲಿ ಕೇಳಿ, ಒಂದು ಪ್ರತಿಗೆ ಸೀಲು ಹಾಕಿಸಿಕೊಳ್ಳಿ.

ಖಾತೆ ಎನ್‌ಪಿಎ ಆದ, ಅಂದರೆ ಬ್ಯಾಂಕ್ ಅದನ್ನು ಸುಸ್ತಿ ಸಾಲ ಎಂದು ಗುರುತಿಸಿದ ದಿನವನ್ನು ನೋಡಿ. ಕಂತು 90 ದಿನಕ್ಕಿಂತ ಹೆಚ್ಚು ಬಾಕಿ ಉಳಿದರೆ ಮಾತ್ರ ಖಾತೆ ಎನ್‌ಪಿಎ ಆಗುತ್ತದೆ. ಬೆಳೆಸಾಲಕ್ಕೆ ಬೇರೆ ಲೆಕ್ಕ: ಅಲ್ಪಾವಧಿ ಬೆಳೆಗೆ ಎರಡು ಹಂಗಾಮು, ದೀರ್ಘಾವಧಿ ಬೆಳೆಗೆ ಒಂದು ಹಂಗಾಮು. ಆಮೇಲೆ ದಂಡದ ಲೆಕ್ಕ. ರಿಸರ್ವ್ ಬ್ಯಾಂಕಿನ ನಿಯಮದ ಪ್ರಕಾರ 2024ರ ಏಪ್ರಿಲ್‌ನಿಂದ ಬಡ್ಡಿದರದ ಮೇಲೆ ದಂಡಬಡ್ಡಿ ಸೇರಿಸುವಂತಿಲ್ಲ. ದಂಡವನ್ನು ಶುಲ್ಕವಾಗಿ ಮಾತ್ರ ಹಾಕಬಹುದು, ಆ ಶುಲ್ಕದ ಮೇಲೆ ಮತ್ತೆ ಬಡ್ಡಿ ಹಾಕುವಂತಿಲ್ಲ. ಹಳೆಯ ಸಾಲಗಳೂ 2024ರ ಜೂನ್ ಕೊನೆಯೊಳಗೆ ಈ ಪದ್ಧತಿಗೆ ಬರಬೇಕಿತ್ತು. ನಿಮ್ಮ ಸ್ಟೇಟ್‌ಮೆಂಟಿನಲ್ಲಿ ಆಮೇಲೂ ದಂಡಬಡ್ಡಿ ಕಂಡರೆ ಗುರುತು ಹಾಕಿಕೊಳ್ಳಿ.

ಇನ್ನೊಂದು ವಿಷಯ ಬಹಳ ಜನಕ್ಕೆ ಗೊತ್ತಿಲ್ಲ. ಬಾಕಿ ಉಳಿದ ಕಂತು ಮತ್ತು ಬಡ್ಡಿಯನ್ನು ಪೂರ್ತಿ ಕಟ್ಟಿದರೆ ಖಾತೆ ಮತ್ತೆ ಮಾಮೂಲಿ ಸ್ಥಿತಿಗೆ ಬರುತ್ತದೆ. ಇಡೀ ಸಾಲ ತೀರಿಸಬೇಕು ಅಂತೇನಿಲ್ಲ. ಆದರೆ ಒಂದೋ ಎರಡೋ ಕಂತು ಕಟ್ಟಿದರೆ ಸಾಲದು, ಬಾಕಿಯೆಲ್ಲ ತೀರಬೇಕು. ಒಡವೆ ಮಾರಿಯೋ ಅಣ್ಣತಮ್ಮಂದಿರಿಂದ ಪಡೆದೋ ಅಷ್ಟು ಹೊಂದಿಸಲು ಸಾಧ್ಯವಾದರೆ, ಕೋರ್ಟು ಕಚೇರಿಗಿಂತ ಅದೇ ಒಳ್ಳೆಯ ದಾರಿ.

ಹೆಜ್ಜೆ 3: 60 ದಿನದೊಳಗೆ ಆಕ್ಷೇಪಣೆ ಬರೆಯಿರಿ

ಸೆಕ್ಷನ್ 13(2)ರ ನೋಟಿಸ್ ನಿಮಗೆ 60 ದಿನ ಕೊಡುತ್ತದೆ. ಈ ಅವಧಿಯಲ್ಲಿ ಸೆಕ್ಷನ್ 13(3ಎ) ಪ್ರಕಾರ ಆಕ್ಷೇಪಣೆ ಸಲ್ಲಿಸಬಹುದು. ಅದು ಕೈಸೇರಿದ 15 ದಿನದೊಳಗೆ ಬ್ಯಾಂಕ್ ಉತ್ತರ ಕೊಡಬೇಕು. ಒಪ್ಪದಿದ್ದರೆ ಯಾಕೆ ಒಪ್ಪುತ್ತಿಲ್ಲ ಎಂದು ಕಾರಣ ಹೇಳಬೇಕು. ಈ ಹಕ್ಕು ಸುಮ್ನೆ ಬಂದದ್ದಲ್ಲ. 2004ರಲ್ಲಿ ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಸಾಲಗಾರನ ಮಾತನ್ನು ಬ್ಯಾಂಕ್ ಕೇಳಲೇಬೇಕು ಎಂದಿತು. ನ್ಯಾಯಮಂಡಳಿಗೆ ಹೋಗಬೇಕಾದರೆ ಮೊದಲು ಬಾಕಿಯ ಶೇ 75ರಷ್ಟನ್ನು ಠೇವಣಿ ಇಡಬೇಕು ಎಂದಿದ್ದ ನಿಯಮವನ್ನೂ ತೆಗೆದುಹಾಕಿತು. ಆಮೇಲೆ ಕಾಯ್ದೆಗೆ ತಿದ್ದುಪಡಿ ಬಂತು.

ಆಕ್ಷೇಪಣೆಯಲ್ಲಿ "ದಯವಿಟ್ಟು ಕನಿಕರ ತೋರಿ" ಎಂದಷ್ಟೇ ಬರೆದರೆ ಪ್ರಯೋಜನವಿಲ್ಲ. ಕಷ್ಟ ಏನಾಯಿತು ಎಂದು ನಾಲ್ಕು ಸಾಲಿನಲ್ಲಿ ಹೇಳಿ: ಕೆಲಸ ಹೋಯಿತೇ, ಆಸ್ಪತ್ರೆ ಖರ್ಚೇ, ವ್ಯಾಪಾರ ಕುಸಿಯಿತೇ. ಲೆಕ್ಕದಲ್ಲಿ ಎಲ್ಲಿ ತಪ್ಪಿದೆ ಎಂದು ತಾರೀಖು ಸಮೇತ ಬರೆಯಿರಿ. ಎಷ್ಟು ತಿಂಗಳಲ್ಲಿ, ಎಷ್ಟೆಷ್ಟು ಕಟ್ಟಬಲ್ಲಿರಿ ಎಂದು ನಿಜವಾಗಿ ಆಗುವಂಥ ಯೋಜನೆ ಕೊಡಿ. ಆಗದ ಮಾತು ಕೊಡಬೇಡಿ. ಮುಂದೆ ಅದೇ ಪತ್ರವನ್ನು ನ್ಯಾಯಾಧೀಶರು ಓದುತ್ತಾರೆ. ಕಳಿಸುವಾಗ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ರಸೀದಿ ಇಟ್ಟುಕೊಳ್ಳಿ.

ಜೊತೆಗೆ ಈ ಅಂಶಗಳನ್ನು ಒಂದೊಂದಾಗಿ ಪರೀಕ್ಷಿಸಿ. ಯಾವುದಾದರೂ ಹೊಂದಿದರೆ ಅದೇ ನಿಮ್ಮ ದೊಡ್ಡ ಬಲ:

- ಅಡಮಾನದ ಜಮೀನು ಕೃಷಿ ಜಮೀನೇ? ಹಾಗಿದ್ದರೆ ಸರ್ಫೇಸಿ ಅನ್ವಯಿಸುವುದಿಲ್ಲ. ಆದರೆ ಪಹಣಿಯಲ್ಲಿ ಕೃಷಿ ಎಂದಿದ್ದರೆ ಸಾಲದು. ನಿಜವಾಗಿ ಬೇಸಾಯ ನಡೆಯುತ್ತಿದೆ ಎಂದು ತೋರಿಸುವ ಹೊಣೆ ಸಾಲಗಾರನದೇ ಎಂದು ಸುಪ್ರೀಂ ಕೋರ್ಟ್ ಹೇಳಿದೆ. ಬೆಳೆ ವಿವರ, ಗೊಬ್ಬರದ ಬಿಲ್ಲು, ಫೋಟೊ ಎಲ್ಲ ಜೋಡಿಸಿಡಿ.
- ಸಾಲ 1 ಲಕ್ಷ ರೂಪಾಯಿ ಮೀರಿಲ್ಲವೇ? ಅಥವಾ ಈಗ ಉಳಿದಿರುವ ಬಾಕಿ ಅಸಲು ಮತ್ತು ಬಡ್ಡಿಯ ಶೇ 20ಕ್ಕಿಂತ ಕಡಿಮೆಯೇ? ಆಗಲೂ ಈ ಕಾಯ್ದೆ ಬಳಸುವಂತಿಲ್ಲ.
- ಸಾಲ ಕೊಟ್ಟದ್ದು ಬ್ಯಾಂಕೇತರ ಹಣಕಾಸು ಕಂಪನಿಯೇ? 20 ಲಕ್ಷಕ್ಕಿಂತ ಕಡಿಮೆ ಸಾಲಕ್ಕೆ ಅಂಥ ಕಂಪನಿಗಳಿಗೆ ಈ ಅಧಿಕಾರವಿಲ್ಲ.
- ಅಡಮಾನಗಳನ್ನು ದಾಖಲಿಸುವ ಕೇಂದ್ರದ ಸರ್ಸಾಯ್ (CERSAI) ನೋಂದಣಿಯಲ್ಲಿ ನಿಮ್ಮ ಅಡಮಾನ ದಾಖಲಾಗಿದೆಯೇ? ದಾಖಲಾಗದೆ ಬ್ಯಾಂಕ್ ಜಪ್ತಿಗೆ ಇಳಿಯುವಂತಿಲ್ಲ.
- ನೋಟಿಸಿನಲ್ಲಿ ಬಾಕಿಯ ವಿವರ ಮತ್ತು ಸ್ವತ್ತಿನ ವಿವರ ಎರಡೂ ಇವೆಯೇ? ಸಹಿ ಹಾಕಿದ ಅಧಿಕಾರಿಗೆ ಆ ಅಧಿಕಾರ ಇದೆಯೇ?

ಸಣ್ಣ ಉದ್ಯಮ ನಡೆಸುವವರಿಗೆ ಇನ್ನೊಂದು ಆಸರೆಯಿದೆ. ಕಷ್ಟದಲ್ಲಿರುವ ಎಂಎಸ್‌ಎಂಇಗಳ ಪುನಶ್ಚೇತನಕ್ಕೆ 2015ರಲ್ಲಿ ಕೇಂದ್ರ ಒಂದು ಚೌಕಟ್ಟು ಮಾಡಿತು. ಖಾತೆಯನ್ನು ಎನ್‌ಪಿಎ ಮಾಡುವ ಮುಂಚೆ ಬ್ಯಾಂಕುಗಳು ಅದನ್ನು ಪಾಲಿಸಬೇಕು ಎಂದು 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆದರೆ ಉದ್ಯಮಿಯೂ ಸಕಾಲದಲ್ಲಿ ದಾಖಲೆ ಸಮೇತ ಕೇಳಿರಬೇಕು. ಹರಾಜಿನ ಹಂತದಲ್ಲಿ ನೆನಪಾದರೆ ಉಪಯೋಗವಿಲ್ಲ.

ಈ ಹಂತದಲ್ಲಿ ಮಾಡಬಾರದ್ದು ಒಂದಿದೆ. ನೋಟಿಸ್ ಬಂದ ಮೇಲೆ ಬ್ಯಾಂಕಿನ ಒಪ್ಪಿಗೆಯಿಲ್ಲದೆ ಆ ಸ್ವತ್ತನ್ನು ಮಾರುವುದಾಗಲಿ, ಬಾಡಿಗೆ ಕರಾರು ಮಾಡುವುದಾಗಲಿ ಕೂಡದು. ಹೆದರಿಕೆಯಲ್ಲಿ ಭಾವಮೈದುನನ ಹೆಸರಿಗೆ ಬರೆದುಕೊಡುವವರಿದ್ದಾರೆ. ಅದರಿಂದ ಮನೆ ಉಳಿಯುವುದಿಲ್ಲ. ಕೋರ್ಟಿನ ಮುಂದೆ ನಿಮ್ಮ ಮೇಲಿನ ನಂಬಿಕೆ ಮಾತ್ರ ಹೋಗುತ್ತದೆ.

ಹೆಜ್ಜೆ 4: ಸ್ವಾಧೀನದ ನೋಟಿಸ್ ಬಂದರೆ 45 ದಿನ

60 ದಿನ ಕಳೆದ ಮೇಲೆ ಬ್ಯಾಂಕ್ ಸೆಕ್ಷನ್ 13(4)ರಡಿ ಸ್ವಾಧೀನಕ್ಕೆ ಬರುತ್ತದೆ. ಮೊದಲು ಸಾಮಾನ್ಯವಾಗಿ ಆಗುವುದು ಸಾಂಕೇತಿಕ ಸ್ವಾಧೀನ. ಬಾಗಿಲಿಗೆ ನೋಟಿಸ್ ಅಂಟಿಸುತ್ತಾರೆ. ಏಳು ದಿನದೊಳಗೆ ಎರಡು ಪತ್ರಿಕೆಗಳಲ್ಲಿ ಪ್ರಕಟಿಸಬೇಕು, ಅದರಲ್ಲಿ ಒಂದು ಸ್ಥಳೀಯ ಭಾಷೆಯದ್ದಾಗಿರಬೇಕು. ಮನೆಯಲ್ಲಿ ನೀವಿನ್ನೂ ವಾಸವಾಗಿರುತ್ತೀರಿ. ಹಾಗಾಗಿ "ಏನೂ ಆಗಿಲ್ಲವಲ್ಲ" ಎಂದು ಕೂತುಬಿಡುತ್ತಾರೆ. ತಪ್ಪಾಗುವುದು ಇಲ್ಲೇ. ಸಾಂಕೇತಿಕ ಸ್ವಾಧೀನ ಆದ ದಿನದಿಂದಲೇ 45 ದಿನದ ಎಣಿಕೆ ಶುರು. ಅಷ್ಟರೊಳಗೆ ಸೆಕ್ಷನ್ 17ರಡಿ ಡಿಆರ್‌ಟಿಗೆ ಅರ್ಜಿ ಹಾಕಬೇಕು. ಮನೆಯಿಂದ ಹೊರಗೆ ಹಾಕುವವರೆಗೆ ಕಾಯಬೇಕಿಲ್ಲ ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ.

ಕರ್ನಾಟಕದಲ್ಲಿ ಡಿಆರ್‌ಟಿಗಳಿರುವುದು ಬೆಂಗಳೂರಿನಲ್ಲಿ. ಬೀದರಿನವರಾದರೂ ಕಾರವಾರದವರಾದರೂ ಅಲ್ಲಿಗೇ ಬರಬೇಕು. ಸಿವಿಲ್ ಕೋರ್ಟಿಗೆ ಹೋಗಿ ತಡೆಯಾಜ್ಞೆ ತರುತ್ತೇನೆ ಎಂದರೆ ಆಗುವುದಿಲ್ಲ. ಸೆಕ್ಷನ್ 34 ಆ ಬಾಗಿಲು ಮುಚ್ಚಿದೆ. ಊರಿನ ಕೋರ್ಟಿನಲ್ಲಿ ದಾವೆ ಹಾಕಿ 45 ದಿನ ಕಳೆದುಕೊಂಡವರ ಕಥೆ ಕೇಳಿದಾಗ ಹೊಟ್ಟೆ ಉರಿಯುತ್ತದೆ.

ಅರ್ಜಿ ಶುಲ್ಕ ಬಾಕಿ ಮೊತ್ತದ ಮೇಲೆ. 10 ಲಕ್ಷಕ್ಕಿಂತ ಕಡಿಮೆಯಿದ್ದರೆ ಪ್ರತಿ ಲಕ್ಷಕ್ಕೆ 500 ರೂಪಾಯಿ. ಅದಕ್ಕೆ ಮೇಲ್ಪಟ್ಟರೆ 5,000 ರೂಪಾಯಿ, ಜೊತೆಗೆ 10 ಲಕ್ಷ ಮೀರಿದ ಪ್ರತಿ ಲಕ್ಷಕ್ಕೆ 250 ರೂಪಾಯಿ. 25 ಲಕ್ಷ ಬಾಕಿಯಿದ್ದರೆ 8,750 ರೂಪಾಯಿ ಆಯಿತು. ಎಷ್ಟೇ ದೊಡ್ಡ ಸಾಲವಾದರೂ ಶುಲ್ಕ 1 ಲಕ್ಷ ದಾಟುವುದಿಲ್ಲ. ವಕೀಲರ ಫೀಸು ಬೇರೆ. ನೀವೇ ಹಾಜರಾಗಿ ವಾದಿಸಬಹುದು, ಆದರೆ ಡಿಆರ್‌ಟಿಯಲ್ಲಿ ಪಳಗಿದ ವಕೀಲರನ್ನೇ ಹಿಡಿಯಿರಿ ಎನ್ನುವುದು ನನ್ನ ಸಲಹೆ.

ಅರ್ಜಿಯ ಜೊತೆಗೆ ಮಧ್ಯಂತರ ತಡೆಯಾಜ್ಞೆಯ ಅರ್ಜಿಯನ್ನೂ ಹಾಕಬೇಕು. ಇಲ್ಲದಿದ್ದರೆ ಮುಖ್ಯ ಅರ್ಜಿ ನಡೆಯುತ್ತಿರುವಾಗಲೇ ಹರಾಜು ಆಗಿಹೋಗಬಹುದು. ನ್ಯಾಯಮಂಡಳಿ ನೋಡುವುದು ಮುಖ್ಯವಾಗಿ ಒಂದನ್ನೇ: ಬ್ಯಾಂಕ್ ನಿಯಮದ ಪ್ರಕಾರ ನಡೆದಿದೆಯೇ? ನೋಟಿಸ್ ಸರಿಯಾಗಿ ತಲುಪಿತೇ, ಆಕ್ಷೇಪಣೆಗೆ ಉತ್ತರ ಕೊಟ್ಟರೇ, ಪತ್ರಿಕೆಯಲ್ಲಿ ಹಾಕಿದರೇ, ಲೆಕ್ಕ ಸರಿಯಿದೆಯೇ? ಬಹಳ ಸಲ ತಡೆಯಾಜ್ಞೆ ಕೊಡುವಾಗ ಬಾಕಿಯ ಒಂದು ಭಾಗವನ್ನು ಇಂತಿಷ್ಟು ವಾರದಲ್ಲಿ ಕಟ್ಟಿ ಎಂಬ ಷರತ್ತು ಹಾಕುತ್ತಾರೆ. ಕಟ್ಟದಿದ್ದರೆ ಸ್ಟೇ ತಾನಾಗಿಯೇ ಬಿದ್ದುಹೋಗುತ್ತದೆ. ಹಾಗಾಗಿ ಅರ್ಜಿ ಹಾಕುವ ಮುಂಚೆಯೇ ಕೈಯಲ್ಲಿ ಸ್ವಲ್ಪ ಹಣ ಹೊಂದಿಸಿಕೊಂಡಿರಿ. ಬ್ಯಾಂಕಿನ ಕ್ರಮ ತಪ್ಪು ಎಂದು ತೀರ್ಮಾನವಾದರೆ ಸ್ವಾಧೀನವನ್ನು ನಿಮಗೆ ವಾಪಸ್ ಕೊಡಿಸುವ ಅಧಿಕಾರ ಡಿಆರ್‌ಟಿಗಿದೆ.

ಮನೆ ಖಾಲಿ ಮಾಡಿಸಲು ಬ್ಯಾಂಕ್ ಜಿಲ್ಲಾಧಿಕಾರಿ ಅಥವಾ ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರ ಮೊರೆ ಹೋಗುತ್ತದೆ. ಅದು ಸೆಕ್ಷನ್ 14. ಅಲ್ಲಿ ಸಾಲಗಾರನ ವಾದ ಕೇಳುವುದಿಲ್ಲ. ಡಿಸಿ ಕಚೇರಿಗೆ ಮನವಿ ಹಿಡಿದು ಅಲೆಯುವ ಬದಲು ಆ ಆದೇಶದ ಪ್ರತಿ ಪಡೆದು ಡಿಆರ್‌ಟಿಗೆ ಹೋಗಿ.

ಹೆಜ್ಜೆ 5: ಹರಾಜಿನ ಮುಂಚೆ

ಸ್ಥಿರಾಸ್ತಿ ಮಾರುವ ಮುಂಚೆ ಬ್ಯಾಂಕ್ ಅನುಮೋದಿತ ಮೌಲ್ಯಮಾಪಕರಿಂದ ಬೆಲೆ ಕಟ್ಟಿಸಿ ಮೀಸಲು ಬೆಲೆ ನಿಗದಿ ಮಾಡಬೇಕು. ಮೊದಲ ಹರಾಜಿಗೆ 30 ದಿನಗಳ ನೋಟಿಸ್ ಕೊಡಬೇಕು. ಅದು ವಿಫಲವಾಗಿ ಮತ್ತೆ ಹರಾಜು ಕರೆದರೆ 15 ದಿನ. ನಿಮ್ಮ ಬಡಾವಣೆಯ ಇತ್ತೀಚಿನ ಕ್ರಯಪತ್ರಗಳು, ಉಪನೋಂದಣಿ ಕಚೇರಿಯ ಮಾರ್ಗಸೂಚಿ ದರ ತಂದು ಮೀಸಲು ಬೆಲೆಯ ಜೊತೆ ಹೋಲಿಸಿ. ತೀರಾ ಕಡಿಮೆಯಿದ್ದರೆ ಡಿಆರ್‌ಟಿಯಲ್ಲಿ ಪ್ರಶ್ನಿಸಿ.

ಇಲ್ಲಿ ಒಂದು ಗಡುವು ಬಹಳ ಕಠಿಣ. ಮೊದಲೆಲ್ಲ ಮಾರಾಟ ಆಗುವವರೆಗೂ ಪೂರ್ತಿ ಹಣ ಕಟ್ಟಿ ಸ್ವತ್ತು ಬಿಡಿಸಿಕೊಳ್ಳಬಹುದಿತ್ತು. 2016ರ ತಿದ್ದುಪಡಿಯ ನಂತರ ಹರಾಜಿನ ನೋಟಿಸ್ ಪ್ರಕಟವಾಗುವ ಮುಂಚೆಯೇ ಕಟ್ಟಬೇಕು. 2023ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಗಟ್ಟಿಯಾಗಿ ಎತ್ತಿಹಿಡಿದಿದೆ. ಪತ್ರಿಕೆಯಲ್ಲಿ ಜಾಹೀರಾತು ನೋಡಿದ ಮೇಲೆ ಹಣ ಹೊಂದಿಸಲು ಹೊರಟರೆ ತಡವಾಗಿರುತ್ತದೆ.

ಹರಾಜು ನಡೆದೇಹೋಯಿತು ಅನ್ನಿ. ಬ್ಯಾಂಕಿನ ಬಾಕಿ ಮತ್ತು ಖರ್ಚು ಕಳೆದು ಉಳಿದ ಹಣ ನಿಮ್ಮದು, ಕೇಳಿ ಪಡೆಯಿರಿ. ಹಣ ಸಾಲದೆ ಬಂದರೆ ಉಳಿದ ಬಾಕಿಗೆ ಬ್ಯಾಂಕ್ ಮತ್ತೆ ದಾವೆ ಹೂಡಬಹುದು.

ಹೆಜ್ಜೆ 6: ಡಿಆರ್‌ಟಿಯಲ್ಲಿ ಸೋತರೆ

30 ದಿನದೊಳಗೆ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಕರ್ನಾಟಕದವರಿಗೆ ಅದು ಚೆನ್ನೈನಲ್ಲಿದೆ. ಆದರೆ ಬಾಕಿಯ ಶೇ 50 ಠೇವಣಿ ಇಡಬೇಕು. ಕಾರಣ ಕೊಟ್ಟು ಕೇಳಿದರೆ ಶೇ 25ರವರೆಗೆ ಇಳಿಸಬಹುದು, ಅದಕ್ಕಿಂತ ಕೆಳಗೆ ಇಳಿಸುವಂತಿಲ್ಲ. ಇಷ್ಟು ಹಣ ಹೊಂದಿಸುವುದು ಮಧ್ಯಮ ವರ್ಗದವರಿಗೆ ಆಗುವ ಮಾತಲ್ಲ. ಅದಕ್ಕೇ ಡಿಆರ್‌ಟಿಯ ಹಂತದಲ್ಲೇ ಪೂರ್ತಿ ಶ್ರಮ ಹಾಕಬೇಕು.

ಹೈಕೋರ್ಟಿಗೆ ರಿಟ್ ಹಾಕಬಹುದೇ ಎಂದು ಎಲ್ಲರೂ ಕೇಳುತ್ತಾರೆ. ಡಿಆರ್‌ಟಿ ಇರುವಾಗ ಹೈಕೋರ್ಟುಗಳು ಮಧ್ಯೆ ಬರಬಾರದು ಎಂದು ಸುಪ್ರೀಂ ಕೋರ್ಟ್ 2010ರಿಂದ ಮತ್ತೆ ಮತ್ತೆ ಹೇಳುತ್ತಿದೆ. ನ್ಯಾಯಮಂಡಳಿಯಲ್ಲಿ ಅಧ್ಯಕ್ಷಾಧಿಕಾರಿ ಹುದ್ದೆ ಖಾಲಿ ಬಿದ್ದಿದೆ, ನಾಳೆಯೇ ಹರಾಜು ಎಂಬಂಥ ತುರ್ತಿದ್ದರೆ ಮಾತು ಬೇರೆ. ಆ ದಾರಿಯನ್ನೇ ಮೊದಲ ಆಸರೆ ಎಂದು ನಂಬಿ ಕೂರಬೇಡಿ.

ಅಡಮಾನವಿಲ್ಲದ ಸಾಲವಾದರೆ

ವೈಯಕ್ತಿಕ ಸಾಲ, ಕ್ರೆಡಿಟ್ ಕಾರ್ಡ್ ಬಾಕಿಗಳಿಗೆ ಸರ್ಫೇಸಿ ಇಲ್ಲ. ಬ್ಯಾಂಕ್ ದಾವೆ ಹೂಡಬೇಕು. ಸಮನ್ಸ್ ಬಂದರೆ ಸಾಮಾನ್ಯ ದಾವೆಯಲ್ಲಿ 30 ದಿನದೊಳಗೆ ಲಿಖಿತ ಹೇಳಿಕೆ ಕೊಡಬೇಕು. ಕಾರಣವಿದ್ದರೆ 90 ದಿನದವರೆಗೆ ಕೋರ್ಟ್ ಅವಕಾಶ ಕೊಡಬಹುದು. ಸಮನ್ಸಿನಲ್ಲಿ "ಆರ್ಡರ್ 37" ಎಂದು ಕಂಡರೆ 10 ದಿನದೊಳಗೇ ಹಾಜರಾಗಬೇಕು, ಅಂದೇ ವಕೀಲರನ್ನು ಕಾಣಿ. ಡಿಆರ್‌ಟಿಯ ಸಮನ್ಸಾದರೆ 30 ದಿನ.

ದಾವೆ ಹೂಡಲು ಬ್ಯಾಂಕಿಗೂ ಮೂರು ವರ್ಷದ ಕಾಲಮಿತಿಯಿದೆ. ಆ ಅವಧಿ ಮುಗಿಯುವ ಮುಂಚೆ ನೀವು ಸಾಲ ಒಪ್ಪಿ ಸಹಿ ಮಾಡಿದರೆ, ಅಥವಾ ಸ್ವಲ್ಪ ಹಣ ಕಟ್ಟಿದರೆ, ಎಣಿಕೆ ಹೊಸದಾಗಿ ಶುರುವಾಗುತ್ತದೆ. ಏಜೆಂಟರು ತರುವ ಖಾಲಿ ಕಾಗದಕ್ಕೆ ಸಹಿ ಹಾಕಬೇಡಿ.

ಡಿಕ್ರಿ, ಅಂದರೆ ಹಣ ಕಟ್ಟಬೇಕೆಂಬ ಕೋರ್ಟಿನ ಆದೇಶ, ಆಗುವುದು ಖಚಿತ ಎನಿಸಿದರೆ ಕಂತು ಕೇಳಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 20, ರೂಲ್ 11ರಡಿ ಡಿಕ್ರಿ ಮಾಡುವಾಗಲೇ ಕೋರ್ಟ್ ಕಂತು ನಿಗದಿ ಮಾಡಬಹುದು. ಡಿಕ್ರಿ ಆದ ಮೇಲಾದರೆ ಬ್ಯಾಂಕಿನ ಒಪ್ಪಿಗೆ ಬೇಕು. ಇಷ್ಟು ಸರಳವಾದ ಪರಿಹಾರವನ್ನು ಯಾಕೆ ಹೆಚ್ಚು ಜನ ಕೇಳುವುದಿಲ್ಲವೋ!

ಡಿಕ್ರಿ ಆದರೂ ಎಲ್ಲವನ್ನೂ ಜಪ್ತಿ ಮಾಡುವಂತಿಲ್ಲ. ಬಟ್ಟೆ, ಅಡುಗೆ ಪಾತ್ರೆ, ಹಾಸಿಗೆ, ಕುಶಲಕರ್ಮಿಯ ಉಪಕರಣ, ರೈತನ ನೇಗಿಲು ಮತ್ತು ದನ, ಭವಿಷ್ಯ ನಿಧಿ, ಸರ್ಕಾರಿ ಪಿಂಚಣಿ ಅದೇ ಸಂಹಿತೆಯ ಸೆಕ್ಷನ್ 60ರಡಿ ರಕ್ಷಿತ. ಸಂಬಳದಲ್ಲಿ ಮೊದಲ 1,000 ರೂಪಾಯಿ ಮತ್ತು ಉಳಿದದ್ದರ ಮೂರನೇ ಎರಡು ಭಾಗ ನಿಮ್ಮ ಕೈಗೇ ಬರಬೇಕು.

ಜೈಲಿನ ಭಯದಿಂದಲೇ ಎಷ್ಟೋ ಜನ ಜೀವ ಕಳೆದುಕೊಂಡಿದ್ದಾರೆ. ದಯವಿಟ್ಟು ಇದನ್ನು ಎರಡು ಸಲ ಓದಿ. ಸಾಲ ಕಟ್ಟಲಾಗದಿರುವುದು ಅಪರಾಧವಲ್ಲ. ಹಣವಿದ್ದೂ ಬೇಕೆಂದೇ ಕೊಡದ ವಂಚಕನನ್ನು ಬಿಟ್ಟು, ಬಡತನದ ಕಾರಣಕ್ಕೆ ಯಾರನ್ನೂ ಸಿವಿಲ್ ಜೈಲಿಗೆ ಕಳಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1980ರಲ್ಲೇ ಜಾಲಿ ಜಾರ್ಜ್ ವರ್ಗೀಸ್ ಪ್ರಕರಣದಲ್ಲಿ ಹೇಳಿದೆ. ಹಣದ ಡಿಕ್ರಿಗಾಗಿ ಹೆಣ್ಣುಮಕ್ಕಳನ್ನು ಬಂಧಿಸುವಂತೆಯೇ ಇಲ್ಲ.

ಚೆಕ್ ವಾಪಸಾದದ್ದು ಮಾತ್ರ ಬೇರೆ. ಅದು ಕ್ರಿಮಿನಲ್ ಪ್ರಕರಣ, ಎರಡು ವರ್ಷದವರೆಗೆ ಶಿಕ್ಷೆಯಾಗಬಹುದು. ನೋಟಿಸ್ ಬಂದ 15 ದಿನದೊಳಗೆ ಹಣ ಕಟ್ಟಿದರೆ ಪ್ರಕರಣವೇ ಹುಟ್ಟುವುದಿಲ್ಲ. ಆಮೇಲೂ ಯಾವ ಹಂತದಲ್ಲಾದರೂ ರಾಜಿ ಮಾಡಿಕೊಳ್ಳಬಹುದು. ಸಮನ್ಸ್ ತಪ್ಪಿಸಿಕೊಂಡು ತಿರುಗಿದರೆ ವಾರಂಟ್ ಬರುತ್ತದೆ, ಅದನ್ನು ಮಾಡಬೇಡಿ. ಬ್ಯಾಂಕ್ ಖಾತೆಯಿಂದ ತಾನಾಗಿ ಕಡಿತವಾಗುವ ಕಂತು ಹಣವಿಲ್ಲದೆ ವಾಪಸಾದರೂ ಇಂಥದೇ ಪ್ರಕರಣ ಹಾಕಲು 2007ರ ಪಾವತಿ ವ್ಯವಸ್ಥೆಗಳ ಕಾಯ್ದೆಯಲ್ಲಿ ಅವಕಾಶವಿದೆ.

ರಾಜಿಯ ದಾರಿ: ಒಟಿಎಸ್ ಮತ್ತು ಲೋಕ ಅದಾಲತ್

ಒಂದೇ ಸಲ ಇಷ್ಟು ಕಟ್ಟಿ ಸಾಲ ಮುಗಿಸುವ ಒಟಿಎಸ್ ನಿಮ್ಮ ಹಕ್ಕಲ್ಲ. ಅದನ್ನು ಕೊಡಿ ಎಂದು ಬ್ಯಾಂಕಿಗೆ ಆದೇಶಿಸಲಾಗದು ಎಂದು 2021ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೂ ಬರವಣಿಗೆಯಲ್ಲಿ ಕೇಳುತ್ತಲೇ ಇರಿ. ಹಣದ ಮೂಲ ತೋರಿಸಿ ಕೇಳಿದರೆ ಒಪ್ಪುವ ಸಾಧ್ಯತೆ ಹೆಚ್ಚು.

ಲೋಕ ಅದಾಲತ್‌ಗೆ ಶುಲ್ಕವಿಲ್ಲ. ಇನ್ನೂ ಕೋರ್ಟಿಗೆ ಹೋಗದ ಸಾಲವನ್ನೂ ಅಲ್ಲಿಗೆ ಒಯ್ಯಬಹುದು. ತಾಲ್ಲೂಕು ಕೋರ್ಟಿನ ಕಾನೂನು ಸೇವಾ ಸಮಿತಿಯಲ್ಲಿ ಅರ್ಜಿ ಕೊಟ್ಟರಾಯಿತು. ಅಲ್ಲಿನ ಒಪ್ಪಂದ ಡಿಕ್ರಿಗೆ ಸಮ, ಅದರ ಮೇಲೆ ಮೇಲ್ಮನವಿ ಇಲ್ಲ. ಆದ್ದರಿಂದ ಕಟ್ಟಲಾಗುವ ಮೊತ್ತಕ್ಕೆ, ಕಟ್ಟಲಾಗುವ ತಾರೀಖಿಗೆ ಮಾತ್ರ ಸಹಿ ಹಾಕಿ. ಎಲ್ಲ ಪ್ರಕರಣ ವಾಪಸ್ ಪಡೆಯುತ್ತೇವೆ, ಜಾಮೀನುದಾರರನ್ನೂ ಬಿಡುತ್ತೇವೆ ಎಂಬ ಮಾತು ಪತ್ರದಲ್ಲೇ ಇರಲಿ. ಸಾಲ ತೀರಿದ 30 ದಿನದೊಳಗೆ ಬ್ಯಾಂಕ್ ಸ್ವತ್ತಿನ ಮೂಲಪತ್ರ ವಾಪಸ್ ಕೊಡಬೇಕು. ತನ್ನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂದು ರಿಸರ್ವ್ ಬ್ಯಾಂಕಿನ ನಿಯಮವಿದೆ.

ಜಾಮೀನುದಾರರು, ವಾರಸುದಾರರು, ಬಾಡಿಗೆದಾರರು

ಜಾಮೀನು ನಿಂತವರ ಹೊಣೆ ಸಾಲಗಾರನಷ್ಟೇ ಇರುತ್ತದೆ. "ಮೊದಲು ಅವನನ್ನು ಹಿಡಿಯಿರಿ" ಎಂಬ ವಾದ ನಿಲ್ಲುವುದಿಲ್ಲ. ಸಾಲಗಾರ ತೀರಿಕೊಂಡರೆ ಮಕ್ಕಳ ಹೊಣೆ ಅವರಿಗೆ ಬಂದ ಆಸ್ತಿಯ ಮಟ್ಟಿಗೆ ಮಾತ್ರ. ಅಪ್ಪ ಏನೂ ಬಿಟ್ಟುಹೋಗಿಲ್ಲ ಎಂದರೆ ಮಗನ ಸಂಬಳಕ್ಕೆ ಕೈಹಾಕುವಂತಿಲ್ಲ, ಮಗ ತಾನೇ ಜಾಮೀನು ನಿಂತಿರದಿದ್ದರೆ. ಅಡಮಾನಕ್ಕೆ ಮುಂಚೆಯೇ ಕ್ರಮಬದ್ಧ ಕರಾರಿನಿಂದ ಬಾಡಿಗೆಗಿದ್ದವರು ತಮ್ಮ ಹಕ್ಕನ್ನು ಡಿಆರ್‌ಟಿಯಲ್ಲಿ ಹೇಳಿಕೊಳ್ಳಬಹುದು.

ಏಜೆಂಟರು ಕಾಡಿದರೆ

ಬೆಳಿಗ್ಗೆ 8ಕ್ಕೆ ಮುಂಚೆ, ಸಂಜೆ 7ರ ನಂತರ ವಸೂಲಿಗೆ ಫೋನ್ ಮಾಡುವಂತಿಲ್ಲ. ಬೈಯುವುದು, ನೆಂಟರಿಷ್ಟರಿಗೆ ಫೋನ್ ಮಾಡಿ ಮಾನ ಕಳೆಯುವುದು ನಿಷಿದ್ಧ. ಕರೆ ರೆಕಾರ್ಡ್ ಮಾಡಿ, ದಿನ ಸಮಯ ಬರೆದಿಡಿ. ಬೆದರಿಕೆ ಹಾಕಿದರೆ ಠಾಣೆಗೆ ದೂರು ಕೊಡಿ. ಬ್ಯಾಂಕಿಗೆ ಲಿಖಿತ ದೂರು ಕೊಟ್ಟು 30 ದಿನವಾದರೂ ಪರಿಹಾರ ಸಿಗದಿದ್ದರೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ಆನ್‌ಲೈನಿನಲ್ಲಿ ಉಚಿತವಾಗಿ ದೂರು ಹಾಕಬಹುದು.

ವಕೀಲರಿಗೆ ಕೊಡಲು ಹಣವಿಲ್ಲದಿದ್ದರೆ ಉಚಿತ ಕಾನೂನು ನೆರವು ಇದೆ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಆದಾಯದ ಮಿತಿಯಿಲ್ಲದೆ ಅರ್ಹರು. ಉಳಿದವರಿಗೆ ಆದಾಯದ ಮಿತಿಯಿದೆ. 15100ಕ್ಕೆ ಫೋನ್ ಮಾಡಿ, ಅಥವಾ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಪ್ರಾಧಿಕಾರದ ಕಚೇರಿಗೆ ಹೋಗಿ. ಹೋಗುವಾಗ ನೋಟಿಸ್, ಅದು ಬಂದ ಲಕೋಟೆ, ಸಾಲದ ಸ್ಟೇಟ್‌ಮೆಂಟ್, ಆಧಾರ್ ಮತ್ತು ಆದಾಯ ಪ್ರಮಾಣಪತ್ರ ಕೈಯಲ್ಲಿರಲಿ.